ಖಾಜಾನ ಚಿತ್ರಕ್ಕೆ ನನ್ನ ಧ್ವನಿ

ಮನುಷ್ಯ ಅಳಿದರೂ ಅವನ ಧ್ವನಿ ಉಳಿಯುತ್ತದೆ ಎಂಬುದು ನಾನು ಬಹಳ ಆಲೋಚಿಸಿ ಕಂಡುಕೊಂಡ ಸತ್ಯ. ಮಸ್ಕಿಯ ಬಸ್ ನಿಲ್ದಾಣದ ಹಿಂದಿನ ಒಂದು ವಿಡಿಯೊ ಅಂಗಡಿಯಲ್ಲಿ ಮಾತ್ರ, ಮನುಷ್ಯ ಕುರ್ಚಿಯಲ್ಲಿ ಕೂತು ಚಹಾ ಕುಡಿಯುತ್ತಿರುವಾಗಲೇ ಅವನ ಧ್ವನಿ ಅಳಿಯುತ್ತದೆ.

ಅಂಗಡಿ ಖಾಜಾನದು. ಶಾಲೆಯಲ್ಲಿ ನನ್ನ ಶಿಷ್ಯ, ಈಗ ನಮ್ಮ ಸೀಮೆಯ ಸಾಕ್ಷ್ಯಚಿತ್ರಕಾರ. ಲಿಂಗಸುಗೂರಿನ ಮದುವೆಗಳಲ್ಲಿ ಕ್ಯಾಮೆರಾ ಹಿಡಿದು ಶುರುಮಾಡಿದವನು ಮುಂದೆ ಹಟ್ಟಿಯ ಗಣಿ ಕಾರ್ಮಿಕರು, ಹನಿ ನೀರಾವರಿ, ಕೈ ತೊಳೆಯುವ ಕ್ರಮ, ಮೇಕೆಗಳ ಹೊಟ್ಟೆಹುಳು, ಹೀಗೆ ಯಾರು ಏನು ಕೇಳಿದರೂ ಚಿತ್ರ ಮಾಡಿಕೊಟ್ಟ. ಎಲ್ಲಕ್ಕೂ ಹಿನ್ನೆಲೆ ಧ್ವನಿ ನನ್ನದು. ಹೊಟ್ಟೆಹುಳುವಿನ ಚಿತ್ರದಲ್ಲಿ ನಾನು ಎಷ್ಟು ಘನವಾಗಿ ಮಾತಾಡಿದ್ದೇನೆಂದರೆ, ನೋಡಿದವರಿಗೆ ಹುಳುವಿನ ಮೇಲೇ ಗೌರವ ಹುಟ್ಟುತ್ತಿತ್ತು.

ಬಹುಮುಖ ಪ್ರತಿಭೆ ನಿಜ, ಆದರೆ ಮದುವೆಯ ಚಾಳಿ ಬಿಡಲಿಲ್ಲ. ನಮ್ಮ ಕಡೆ ಮದುವೆ ವಿಡಿಯೊದಲ್ಲಿ ಒಬ್ಬರ ಮುಖ ತಪ್ಪಿದರೂ ಬೀಗರು ಮಾತು ಬಿಡುತ್ತಾರೆ. ಹೀಗಾಗಿ ಪಂಕ್ತಿಯಲ್ಲಿ ಉಣ್ಣುವವರನ್ನು ತೋರಿಸಿದಂತೆ ಗಣಿಯವರನ್ನೂ ರೈತರನ್ನೂ, ಒಮ್ಮೆ ಮೇಕೆಗಳನ್ನೂ, ಒಂದನ್ನೂ ಬಿಡದೆ ಸಾಲಾಗಿ ತೋರಿಸಿದ್ದಾನೆ.

ಈ ಸಲ ಯಾರೂ ಕೇಳದಿದ್ದರೂ, ತನ್ನ ಆಸೆಗೆಂದೇ, ಬಳಗಾನೂರಿನಲ್ಲಿ ಭತ್ತ ನಾಟಿ ಮಾಡುವ ಹೆಣ್ಣುಮಕ್ಕಳ ಚಿತ್ರ ಮಾಡಿದ. ಶೂಟಿಂಗಿಗೆ ನಾನೂ ಹೋಗಿದ್ದೆ, ಸಲಹೆ ಕೊಡಲು. ಅದನ್ನು ಸಿಂಧನೂರಿನ ಕಿರುಚಿತ್ರ ಸ್ಪರ್ಧೆಗೆ ಕಳಿಸಿದ. ಸ್ಪರ್ಧೆಯವರು ಚಿತ್ರ ಹತ್ತು ನಿಮಿಷ ಮೀರಬಾರದು, ಸಂಜೆಯೊಳಗೆ ಕತ್ತರಿಸದಿದ್ದರೆ ವಾಪಸ್ ಎಂದು ಹೇಳಿಕಳಿಸಿದರು. ಮುಖಗಳನ್ನು ತೆಗೆ ಎಂದೆ, ಗುರುವಿನ ಅಧಿಕಾರದಿಂದ.

“ಆಗಂಗಿಲ್ರಿ ಸರ. ಈರಮ್ಮ ಬುತ್ತಿ ಬಿಚ್ಚಿ ತನ್ನ ರೊಟ್ಟಿ ನನಗ ಕೊಟ್ಟಾಳ. ಆಕೀನ್ನ ತಗದು ಮತ್ತ ಆ ಗದ್ದಿ ಕಡೆ ಹೆಂಗ ಹೋಗ್ಲಿ?”

ಹಾಗಾದರೆ ಏನು ತೆಗೆಯುತ್ತೀ ಎಂದೆ. ಅವನು ನನಗೆ ಇನ್ನೊಂದು ಚಹಾ ಹೇಳಿದ. ಆಗಲೇ ನನಗೆ ಅನುಮಾನ ಬರಬೇಕಿತ್ತು. ಪರದೆಯ ಮೇಲೆ ಆಕಾಶ, ಕಾಲುವೆ, ಬೆಳ್ಳಕ್ಕಿ, ಮತ್ತೆ ಆಕಾಶ. ಮನುಕುಲದ ಆದಿಯಿಂದ ಹೊರಟ ನನ್ನ ಮಾತು ಗದ್ದೆಗೆ ಬಂದು ಮುಟ್ಟುವವರೆಗೆ ತೋರಿಸಲು, ಪಾಪ, ಅವನ ಹತ್ತಿರ ಬೇರೇನೂ ಇರಲಿಲ್ಲ.

“ಬ್ಯಾಸರ ಮಾಡ್ಕೋಬ್ಯಾಡ್ರಿ ಸರ,” ಎಂದು ಗುಂಡಿ ಒತ್ತಿದ. ಮನುಕುಲ ಹೋಯಿತು. ಚಿತ್ರ ಹತ್ತು ನಿಮಿಷದೊಳಗೆ ಬಂತು.

ನನಗೇನೂ ಬೇಸರವಿಲ್ಲ ಎಂದು ಮಸ್ಕಿಯಲ್ಲಿ ಕೇಳದವರಿಗೂ ಹೇಳುತ್ತ ತಿರುಗಿದೆ. ಪ್ರದರ್ಶನದ ದಿನ ಸಿಂಧನೂರಿಗೆ ಹೋಗಿ, ಟಂಟಂ ಗಾಡಿ ತುಂಬ ಬಂದಿದ್ದ ಬಳಗಾನೂರಿನ ಹೆಣ್ಣುಮಕ್ಕಳ ಹಿಂದೆ ಕೂತೆ. ನಾನು ಮಾತಾಡಬೇಕಿದ್ದ ಜಾಗದಲ್ಲಿ ಅವರ ಹರಟೆ, ಕೆಸರಿನಲ್ಲಿ ಕಾಲೆಳೆಯುವ ಸದ್ದು. ಅದು ಚೆನ್ನಾಗಿತ್ತು ಎಂದು ಬರೆಯಲು ನನಗೆ ಸ್ವಲ್ಪ ಕಷ್ಟವಾಗುತ್ತಿದೆ. ಒಂದೊಂದೇ ಮುಖ ಬಂದಂತೆ ಒಬ್ಬರನ್ನೊಬ್ಬರು ತಿವಿದು ನಕ್ಕರು. ಎಲ್ಲರದೂ ಮುಗಿದ ಮೇಲೆ, ಬದುವಿನ ಮೇಲೆ ಛತ್ರಿ ಹಿಡಿದು, ನಾಡಿನ ಭವಿಷ್ಯವನ್ನೇ ನೋಡುತ್ತಿರುವಂತೆ ನಿಂತ ನಾನು ಕಾಣಿಸಿದೆ.

“ಈ ಮುತ್ಯಾ ಯಾರಬೇ?” ಎಂದಳು ಈರಮ್ಮನ ಪಕ್ಕದವಳು.

“ಯಾರರ ಇರ್ಲಿ ಬಿಡು. ಬಿಟ್ರ ಸಿಟ್ಟಾಗ್ತಾನಂತ ಖಾಜಾ ಹಾಕ್ಯಾನ,” ಎಂದಳು ಈರಮ್ಮ.

ಚಿತ್ರಕ್ಕೆ ಎರಡನೆಯ ಬಹುಮಾನ ಬಂತು. ನಾನು ಸಿಟ್ಟಾಗಲಿಲ್ಲ.