ದೊಡ್ಡಪ್ಪನ ಕೊಬ್ಬು ಇಳಿಸಿದ್ದು

...ಅಥವಾ ಆ ಮಾತು ಹೇಳಿದ್ದು ಡಾಕ್ಟರಲ್ಲ, ನಾನೇ ಇರಬಹುದು. ಈಗ ನೆನೆಸಿಕೊಂಡರೆ ಮಾತು ಮಾತ್ರ ಕೇಳಿಸುತ್ತದೆ, ಬಾಯಿ ಯಾರದೆಂದು ಕಾಣಿಸುವುದಿಲ್ಲ. ಒಂದಂತೂ ನಿಜ. ಇಡೀ ಯಲಹಂಕ ಸೀಮೆಯಲ್ಲಿ ತನಗೆ ಕೊಬ್ಬು ಹೆಚ್ಚೆಂದು ರಕ್ತ ಪರೀಕ್ಷೆ ಮಾಡಿಸಿ ಸಾಬೀತು ಮಾಡಿಕೊಂಡ ಮನುಷ್ಯ ನಮ್ಮ ದೊಡ್ಡಪ್ಪ ಒಬ್ಬರೇ! ಉಳಿದವರಿಗೆ ಊರವರ ಅಭಿಪ್ರಾಯವೇ ಸಾಕಾಗುತ್ತಿತ್ತು.

ಅರವತ್ತರ ದಶಕದ ಮಾತು. ದ್ರಾಕ್ಷಿ ತೋಟದಲ್ಲಿ ನಿಂತಿದ್ದವರು ಎದೆ ಹಿಡಿದುಕೊಂಡು ಕೂತುಬಿಟ್ಟರು. ನಾನು ಸ್ಕೂಲ್ ಮೇಷ್ಟ್ರು, ಇಂಗ್ಲಿಷ್ ಬಲ್ಲವನು ಎಂಬ ಕಾರಣಕ್ಕೆ ಅವರ ಜೊತೆ ಪೇಟೆಯ ಡಾಕ್ಟರ ಹತ್ತಿರ ಹೋದೆ. ಡಾಕ್ಟರು ರಕ್ತ ಪರೀಕ್ಷೆಯ ಚೀಟಿ ನೋಡಿ ಕೊಲೆಸ್ಟರಾಲ್ ಎಂದರು. ದೊಡ್ಡಪ್ಪ ನನ್ನ ಮುಖ ನೋಡಿದರು. ರಕ್ತದಲ್ಲಿ ಕೊಬ್ಬು ಜಾಸ್ತಿಯಾಗಿದೆ, ಇಳಿಸದಿದ್ದರೆ ಹೃದಯಕ್ಕೆ ಅಪಾಯ ಎಂದು ಡಾಕ್ಟರೋ ನಾನೋ ಹೇಳಿದೆವು.

ದೊಡ್ಡಪ್ಪ ಎದ್ದು ನಿಂತರು. "ನನ್ ಕೊಬ್ಬು ಇಳಿಸೋನು ಇನ್ನೂ ಉಟ್ಟಿಲ್ಲ ಡಾಕ್ಟ್ರೇ. ಯಾರ್ ಏಳಿದ್ದು ನಿಮ್ಗೆ? ನಮ್ ತಮ್ಮ ಬಂದಿದ್ನಾ ಇಲ್ಲಿಗೆ?"

ತಮ್ಮ ಎಂದರೆ ನಮ್ಮಪ್ಪ. ಬಾವಿಗೆ ಪಂಪು ಹಾಕಿಸುವಾಗ ಅಣ್ಣನನ್ನು ಒಂದು ಮಾತು ಕೇಳಲಿಲ್ಲವೆಂದು ಇಬ್ಬರೂ ಮಾತು ಬಿಟ್ಟು ಆರು ವರ್ಷವಾಗಿತ್ತು. ಎರಡು ಮನೆಗೂ ನಡುವೆ ಒಂದೇ ಗೋಡೆ. ಈ ಕಡೆ ಅಪ್ಪ ಕೆಮ್ಮಿದರೆ ಆ ಕಡೆ ದೊಡ್ಡಪ್ಪ, ಯಾರಿಗೋ ಶೀತವಾಗಿದೆ ಎಂದು ಎಮ್ಮೆಗೆ ತಿಳಿಸುತ್ತಿದ್ದರು. ಎದೆನೋವಿನ ಸುದ್ದಿ ಕೇಳಿ ಅಪ್ಪ ಎರಡು ಹೊತ್ತು ಊಟ ಮಾಡಲಿಲ್ಲ. ಆದರೆ ಗೋಡೆಯ ಆಚೆಗೂ ಹೋಗಲಿಲ್ಲ.

ಡಾಕ್ಟರು ಕೊಟ್ಟದ್ದು ವಿಟಮಿನ್ ಜಾತಿಯ ಮಾತ್ರೆ. ದೊಡ್ಡ ಪ್ರಮಾಣದಲ್ಲಿ ನುಂಗಿದರೆ ಕೊಬ್ಬು ಇಳಿಯುತ್ತದಂತೆ. ಕೊಬ್ಬಿನ ಕಥೆ ಹಾಗಿರಲಿ, ನುಂಗಿದ ಸ್ವಲ್ಪ ಹೊತ್ತಿಗೆ ಮುಖ, ಕಿವಿ, ಕತ್ತು ಕೆಂಪೇರಿ ಉರಿಯುತ್ತಿತ್ತು! ಮಗನಿಗೆ ಹೆಣ್ಣು ನೋಡಲು ಹೆಬ್ಬಾಳಕ್ಕೆ ಹೋದ ದಿನವೂ ನುಂಗಿಯೇ ಹೊರಟಿದ್ದರು. ಉಪ್ಪಿಟ್ಟು ಬಾಯಿಗಿಡುವುದಕ್ಕೂ ಮುಖ ಕೆಂಪಾಗುವುದಕ್ಕೂ ಸರಿಹೋಯಿತು. ಹೆಣ್ಣಿನ ತಂದೆ ಗಾಬರಿಯಾಗಿ ಕೈಮುಗಿದರು. ತಾಯಿ ಬೇರೆ ಉಪ್ಪಿಟ್ಟು ಮಾಡಲು ಒಳಗೆ ಓಡಿದರು. ದೊಡ್ಡಪ್ಪ ಕತ್ತು ಕೆರೆದುಕೊಳ್ಳುತ್ತ ಸಮಾಧಾನ ಮಾಡಿದರು: "ಉಪ್ಪಿಟ್ಟು ಚೆನ್ನಾಗೈತೆ ಕಣಮ್ಮ. ಈ ಸಿಟ್ಟು ಮಾತ್ರೇದು."

ಮತ್ತೆ ಹೋಗಿ ಉರಿಯ ವಿಷಯ ಹೇಳಿದಾಗ, ಊಟದ ಮೇಲೆ ನುಂಗಿ, ಸ್ವಲ್ಪದಿಂದ ಶುರು ಮಾಡಿ, ಬೆಣ್ಣೆ ತುಪ್ಪ ಬಿಡಿ ಎಂದು ಡಾಕ್ಟರು ಹೇಳಿ ಕಳಿಸಿದರು. ಇದನ್ನು ಬಿಟ್ಟರೆ ಕೊಡುವಂಥ ಮಾತ್ರೆ ತಮ್ಮ ಬಳಿ ಬೇರೆ ಇಲ್ಲವೆಂದೂ ಒಪ್ಪಿಕೊಂಡರು. ದೊಡ್ಡಪ್ಪ ಮಾತ್ರೆಯನ್ನು ಗೋಡೆಯ ಗೂಡಿಗೆ ಸೇರಿಸಿ ತಮ್ಮದೇ ಚಿಕಿತ್ಸೆ ಹೂಡಿದರು. ಬೆಳಿಗ್ಗೆ ನೆನೆಸಿದ ಮೆಂತ್ಯ, ಮೇಲೆ ಹಸಿ ಬೆಳ್ಳುಳ್ಳಿ. ಯಶವಂತಪುರದ ಬಸ್ಸಿನಲ್ಲಿ ಅವರು ಕೂತ ಸೀಟಿನಲ್ಲಿ ಇನ್ನೊಬ್ಬರು ಕೂರುತ್ತಿರಲಿಲ್ಲ. ಇದನ್ನು ಅವರು ತಮಗೆ ಸಿಗುವ ಮರ್ಯಾದೆ ಎಂದೇ ತಿಳಿದಿದ್ದರು! ಅಡುಗೆಗೆ ಕುಸುಬೆ ಎಣ್ಣೆ ಬಂತು. ಇಷ್ಟೆಲ್ಲ ಮಾಡಿ, ರಾಗಿ ಮುದ್ದೆಯ ನಡುವೆ ಬೆರಳಿನಿಂದ ಗುಳಿ ತೋಡಿ, ಅದರೊಳಗೆ ತುಪ್ಪ ಹುಯ್ದು, ಮೇಲೆ ಮುದ್ದೆಯನ್ನೇ ಮುಚ್ಚಿ ನುಂಗುತ್ತಿದ್ದರು. ದೊಡ್ಡಮ್ಮನಿಗೆ ಗೊತ್ತಿರಲಿಲ್ಲವೇ? ಗೊತ್ತಿತ್ತು. ತುಪ್ಪ ಕಾಯಿಸುತ್ತಿದ್ದವರು ಅವರೇ ತಾನೇ!

ಎದೆ ಎರಡನೆಯ ಸಲ ಹಿಡಿದುಕೊಂಡಿತು. ಅದಾದ ಮೂರನೆಯ ದಿನವೋ ನಾಲ್ಕನೆಯ ದಿನವೋ ದೊಡ್ಡಪ್ಪ ನಮ್ಮ ಅಂಗಳದಲ್ಲಿ ನಿಂತಿದ್ದರು. ಅಪ್ಪ ಜಗಲಿಯ ಮೇಲೆ ಮುಖಕ್ಕೆ ಸೋಪು ಹಚ್ಚಿಕೊಂಡು ಕ್ಷೌರಕ್ಕೆ ಕೂತಿದ್ದರು.

"ಕೊಬ್ಬು ಇಳಿಸ್ಕೋ ಅಂದವ್ರೆ ಕಣ್ಲಾ ಡಾಕ್ಟ್ರು," ಎಂದರು ದೊಡ್ಡಪ್ಪ ನೆಲ ನೋಡುತ್ತ. "ಮಾತ್ರೇಲಿ ಇಳೀಲಿಲ್ಲ. ಬೆಳ್ಳುಳ್ಳೀಲೂ ಇಳೀಲಿಲ್ಲ. ಅದ್ಕೇ ಬಂದೆ."

ಅಪ್ಪ ಸೋಪು ಒರೆಸಿಕೊಳ್ಳದೆ ಎದ್ದು ನಿಂತರು. "ಬಿಸಿಲಾಗ್ ಯಾಕ್ ನಿಂತಿದ್ದೀಯ," ಎಂದರು. ಜಗಲಿಯಿಂದ ಇಳಿದು, "ಒಳೀಕ್ ಬಾಣ್ಣ."

ನಾನು ಹೇಳಿದ ಒಂದು ಪದದಿಂದಲೇ ಇದಾಯಿತೆಂದು ಬೀಗಬಹುದಿತ್ತು. ಆದರೆ ದೊಡ್ಡಪ್ಪ ಸಂತೆಯಲ್ಲಿ ಕುರಿಯ ಬೆನ್ನು ಹಿಡಿದೇ ಕೊಬ್ಬು ಎಷ್ಟಿದೆಯೆಂದು ಹೇಳುತ್ತಿದ್ದವರು. ಆ ಪದದ ಇನ್ನೊಂದು ಅರ್ಥ ಅಂಥವರಿಗೆ ತಿಳಿಯದೇ ಇತ್ತೇ? ತಮ್ಮನ ಮನೆ ಬಾಗಿಲಿಗೆ ಬರಲು ಅವರಿಗೆ ಡಾಕ್ಟರ ಚೀಟಿಯೊಂದು ಬೇಕಾಗಿತ್ತೇ?

ಆಮೇಲೆ ಅವರು ಒಂದೇ ಒಂದು ದ್ರಾಕ್ಷಿ ಬೆಳೆ ಕಂಡರು. ಆ ದಿನ ಒಳಗೆ ಕೂತು ಅಣ್ಣ ತಮ್ಮ ಏನು ಮಾತಾಡಿದರೋ ನನಗೆ ಗೊತ್ತಿಲ್ಲ. ನನಗೆ ಸ್ಕೂಲಿಗೆ ಹೊತ್ತಾಗಿತ್ತು, ಹೊರಟುಬಿಟ್ಟೆ. ಅಪ್ಪನನ್ನು ಕೇಳಬಹುದಿತ್ತು. ಕೇಳಲಿಲ್ಲ.