ಕರಿ ಕೋಟಿನ ನಾಯಕರು ಕ್ಷಮಿಸಿದ್ದರಿಂದ ನನಗಾದ ನಷ್ಟ

ದಕ್ಷಿಣ ಕೊರಿಯಾದ ಸೋಲ್ ನಗರದಲ್ಲಿ, ಯಾವುದೋ ಎತ್ತರದ ಕಟ್ಟಡದ ತಾರಸಿಯ ಅಂಚಿನಲ್ಲಿ, ಗಾಳಿಗೆ ಕೋಟು ಹಾರಿಸಿಕೊಂಡು ನಿಂತಿರುವ ಶ್ರೀಮಾನ್ ಕಾಂಗ್ ಮು-ಹ್ಯೋಕ್ ಅವರ ಸನ್ನಿಧಿಗೆ,

ಮಾನ್ಯರೇ,

ಆಲೂರು ತಾಲ್ಲೂಕು ಕೆ. ಹೊಸಕೋಟೆ ಹೋಬಳಿಯ ನಮ್ಮ ಕಾಫಿ ತೋಟದಿಂದ ತಮಗೆ ಗೌರವಪೂರ್ವಕ ನಮಸ್ಕಾರಗಳು. ಇಲ್ಲಿ ನಾವೆಲ್ಲ ಕ್ಷೇಮ. ತಾವೂ ತಮ್ಮ ಧಾರಾವಾಹಿಯ ಹದಿನಾರು ಕಂತುಗಳಲ್ಲಿ ತಿಂದ ಏಟುಗಳಿಂದ ಚೇತರಿಸಿಕೊಂಡು, ಎಡ ಭುಜದ ಗುಂಡನ್ನು ತೆಗೆಸಿಕೊಂಡು, ಹೊತ್ತಿಗೆ ಸರಿಯಾಗಿ ಊಟ ಮಾಡುತ್ತಿದ್ದೀರೆಂದು ನಂಬಿದ್ದೇನೆ. ಅಷ್ಟು ದೂರದಿಂದ ಕನ್ನಡಕ್ಕೆ ಡಬ್ ಆಗಿ ನಮ್ಮ ಬೇಲಿಯವರೆಗೆ ಬಂದ ತಮ್ಮ ಉಪಕಾರವನ್ನು ಮೊದಲು ಸ್ಮರಿಸಿ, ಆಮೇಲೆ ತಮ್ಮಿಂದಾದ ಹಾನಿಯನ್ನು ನಿವೇದಿಸಿಕೊಳ್ಳುವುದು ಸೌಜನ್ಯವೆಂದು ಭಾವಿಸಿ ಈ ಪತ್ರ ಬರೆಯುತ್ತಿದ್ದೇನೆ.

ತಮ್ಮ ಕಥೆಯನ್ನು ತಮಗೇ ಹೇಳುವುದು ಉದ್ಧಟತನ. ಆದರೆ ಇದು ಬಹಿರಂಗ ಪತ್ರವಾದ್ದರಿಂದ ಉಳಿದ ಓದುಗರ ಅನುಕೂಲಕ್ಕೆ ಹೇಳಲೇಬೇಕಾಗಿದೆ. ತಮ್ಮ ತಂದೆಯವರನ್ನು ಕಾರ್ಖಾನೆಯ ಸಮೇತ ಸುಟ್ಟ ಚೋಯ್ ಎಂಬ ಭಾರೀ ಉದ್ಯಮಿಯ ಮೇಲೆ ಸೇಡು ತೀರಿಸಿಕೊಳ್ಳಲು, ತಾವು ಹೆಸರು ಬದಲಾಯಿಸಿಕೊಂಡು ಅವರ ಮಗಳಿಗೇ ಅಂಗರಕ್ಷಕರಾಗಿ ಸೇರಿದಿರಿ. ಕಾರು ನಿಲ್ಲಿಸುವ ನೆಲಮಾಳಿಗೆಯಲ್ಲಿ ಒಂದು ಕೊಡೆಯನ್ನಷ್ಟೇ ಹಿಡಿದು ಒಂದು ದಂಡನ್ನೇ ಮಲಗಿಸಿದಿರಿ, ಮತ್ತು ಅದೇ ಕೊಡೆಯನ್ನು ಮರುಕ್ಷಣ ಆ ಮಗಳ ತಲೆಯ ಮೇಲೆ ಹಿಡಿದು ಪ್ರೇಮದಲ್ಲಿ ಬಿದ್ದಿರಿ. ಒಂದೇ ಕೊಡೆಯಲ್ಲಿ ಎರಡು ಕೆಲಸ ಮುಗಿಸಿದ ತಮ್ಮ ಮಿತವ್ಯಯವನ್ನು ನಮ್ಮ ತಾಯಿ ಬಹಳ ಮೆಚ್ಚಿದರು.

ನಮ್ಮ ತಾಯಿ ಕಲ್ಯಾಣಮ್ಮನವರಿಗೂ ಒಬ್ಬ ಚೋಯ್ ಇದ್ದರು. ಅವರ ಹೆಸರು ರಾಮಮ್ಮ, ಪಕ್ಕದ ತೋಟದವರು. ಕಳೆದ ವರ್ಷ ನಾವು ಮದುವೆಯೊಂದಕ್ಕೆ ಹೋಗಿದ್ದಾಗ, ರಾಮಮ್ಮನವರು ತಮ್ಮ ಕಾಫಿಗೆ ಹೂ ಅರಳಿಸಲು ಹಾಕಿಸಿದ್ದ ಸ್ಪ್ರಿಂಕ್ಲರ್ ಬೇಲಿಯ ಈಚೆಗೂ ತಿರುಗಿ, ಕಣದಲ್ಲಿ ಒಣಗಲು ಹರಡಿದ್ದ ನಮ್ಮ ಕಾಳುಮೆಣಸನ್ನು ಇಡೀ ದಿನ ತೋಯಿಸಿತು. ಬೂಷ್ಟು ಬಂದ ಮೆಣಸನ್ನು ಮೊರದಲ್ಲಿ ಹಾಕಿಕೊಂಡು ತಾಯಿಯವರು ಬೇಲಿಗೆ ಹೋದರೆ, ರಾಮಮ್ಮನವರು "ಗಾಳಿ ಬೀಸಿದ್ದಕ್ಕೆ ನಾನೇನ್ ಮಾಡ್ಲಿ ಕಲ್ಯಾಣಮ್ಮ, ಗಾಳಿನ ನಾನ್ ಸಾಕಿದ್ದೀನಾ?" ಎಂದರು. ಅಂದಿನಿಂದ ಮಾತು ನಿಂತಿತು. ತಮ್ಮಲ್ಲಿ ಸೇಡು ಎಂದರೆ ಬಂದೂಕು, ಬೆಂಕಿ, ಗಾಜು ಒಡೆದುಕೊಂಡು ಹೊರಗೆ ಹಾರುವುದು. ನಮ್ಮಲ್ಲಿ ಮಾತು ಬಿಡುವುದು. ಎದುರಿಗೆ ಸಿಕ್ಕರೆ ಸಿಲ್ವರ್ ಓಕ್ ಮರದ ತುದಿ ನೋಡುತ್ತಾ ನಡೆಯುವುದು. ಖರ್ಚಿಲ್ಲದ, ಬಾಳಿಕೆ ಬರುವ ಪದ್ಧತಿ.

ಆದರೆ ಮಾತು ಬಿಟ್ಟವರಿಗೂ ಬಿಡಲಾಗದ ವಸ್ತುವೊಂದು ನಮ್ಮ ನಡುವೆ ಇದೆ. ಎರಡೂ ತೋಟಕ್ಕೆ ಒಂದೇ ಕೆರೆ, ಒಂದೇ ಪಂಪ್‌ಹೌಸ್, ಒಂದೇ ಕೀಲಿಕೈ. ಸಸಿಮಡಿಗಳಿಗೆ ವಾರವಾರ ಸರದಿಯ ನೀರೂ ಅಲ್ಲಿಂದಲೇ. ಬೇಸಗೆಯಲ್ಲಿ ಮಳೆ ಬಾರದಿದ್ದರೆ ಕಾಫಿ ಹೂ ಅರಳಲು ಒಮ್ಮೆ, ಅರಳಿದ ಹೂ ಕಾಯಿ ಕಚ್ಚಲು ಇನ್ನೊಮ್ಮೆ ನೀರು ಹಾರಿಸಬೇಕು; ಎರಡನೆಯದು ತಪ್ಪಿದರೆ ಇಡೀ ವರ್ಷದ ಫಸಲು ಉದುರಿಹೋಗುತ್ತದೆ. ಸರದಿ ಮುಗಿಸಿದ ಮನೆಯವರು ಕೀಲಿಕೈಯನ್ನು ಇನ್ನೊಂದು ಮನೆಯವರ ಕೈಗೇ ಕೊಡಬೇಕೆಂಬುದು ಅಜ್ಜಂದಿರ ಕಾಲದ ಕಟ್ಟಳೆ. ಗೂಟಕ್ಕೆ ನೇತು ಹಾಕುವಂತಿಲ್ಲ, ಆಳಿನ ಮೂಲಕ ಕಳಿಸುವಂತಿಲ್ಲ. ತಾಯಂದಿರು ಪರಸ್ಪರ ಮುಖ ನೋಡದ ಕಾರಣ, ನಮ್ಮ ಮನೆಯಿಂದ ನಾನೂ ಅವರ ಮನೆಯಿಂದ ರಾಮಮ್ಮನವರ ಮಗಳು ಹೇಮಶ್ರೀಯವರೂ ಕೀಲಿಕೈಯ ರಾಯಭಾರಿಗಳಾಗಿ ನೇಮಕಗೊಂಡೆವು.

ಹೇಮಶ್ರೀ ಆಲೂರಿನ ಶಾಲೆಯೊಂದರಲ್ಲಿ ವಿಜ್ಞಾನ ಕಲಿಸುತ್ತಾರೆ. ನಾನು ಕನ್ನಡ ಎಂ.ಎ. ಮುಗಿಸಿ, ಅಪರಿಚಿತರು ಹೆಸರು ಕೇಳಿದರೂ ಸ್ವಲ್ಪ ಯೋಚಿಸಿ ಉತ್ತರಿಸುವವನು. ಹಗೆತನವೊಂದು ಇರದಿದ್ದರೆ ನಾನು ಅವರೆದುರು ನಿಂತು ಮಾತನಾಡುವ ಸಂದರ್ಭ ಈ ಜನ್ಮದಲ್ಲಿ ಬರುತ್ತಿರಲಿಲ್ಲ. ಕೀಲಿಕೈ ಕೊಡುವುದು ಕಣ್ಣು ಮಿಟುಕಿಸುವಷ್ಟು ಹೊತ್ತಿನ ಕೆಲಸ. ನಾವು ಅದನ್ನು ಕ್ರಮೇಣ ಅರ್ಧ ಗಂಟೆಯ ಕೆಲಸವನ್ನಾಗಿ ಅಭಿವೃದ್ಧಿಪಡಿಸಿದೆವು. ತಮ್ಮ ಪ್ರೇಮದಲ್ಲಿ ಮಾತ್ರ ಸಾಹಸವಿದೆಯೆಂದು ತಾವು ಭಾವಿಸಬಾರದು. ಒಂದು ಸಂಜೆ ನಾನು ಬಹಳ ಧೈರ್ಯ ಮಾಡಿ "ನಿಮಗೊಂದು ಮಾತು ಹೇಳ್ಬೇಕು" ಎಂದಾಗ ಇಬ್ಬರ ಫೋನೂ ಒಟ್ಟಿಗೇ ಸದ್ದು ಮಾಡಿ, ಆನೆಗಳ ಹಿಂಡು ನಮ್ಮ ಕೆರೆಯ ಕಡೆಗೇ ಬರುತ್ತಿದೆಯೆಂದು ಅರಣ್ಯ ಇಲಾಖೆಯ ಸಂದೇಶ ತಿಳಿಸಿತು. ತಾವಾಗಿದ್ದರೆ ನಾಯಕಿಯನ್ನು ಎತ್ತಿಕೊಂಡು ನಿಧಾನಗತಿಯಲ್ಲಿ ಓಡುತ್ತಿದ್ದಿರಿ. ನಾವು ಅವರವರ ಮನೆಯ ಕಡೆಗೆ, ಸಾಮಾನ್ಯ ಗತಿಗಿಂತ ಬಹಳ ವೇಗವಾಗಿ ಓಡಿದೆವು. ಆ ಮಾತು ಹಾಗೆಯೇ ಉಳಿಯಿತು. ಇರಲಿ, ಹಗೆ ಇರುವವರೆಗೆ ಕೀಲಿಕೈ ಇದೆ, ಕೀಲಿಕೈ ಇರುವವರೆಗೆ ಇನ್ನೊಂದು ಸಂಜೆ ಇದೆ ಎಂದು ನಾನು ನಿಶ್ಚಿಂತನಾಗಿದ್ದೆ.

ಆಗ ತಾವು ದಯಮಾಡಿಸಿದಿರಿ.

ನಮ್ಮಲ್ಲಿ ಫೋನಿಗೆ ನೆಟ್‌ವರ್ಕ್ ಸಿಗುವುದು ಬೇಲಿಯ ಹತ್ತಿರ ಮಾತ್ರ. ಆದ್ದರಿಂದ ಪ್ರತಿ ಮಧ್ಯಾಹ್ನ ಬೇಲಿಯ ಈಚೆ ಒಂದು ಕುರ್ಚಿಯಲ್ಲಿ ಕಲ್ಯಾಣಮ್ಮನವರೂ, ಆಚೆ ಒಂದು ಕುರ್ಚಿಯಲ್ಲಿ ರಾಮಮ್ಮನವರೂ, ಪರಸ್ಪರ ಬೆನ್ನು ಹಾಕಿ ಕುಳಿತು ತಮ್ಮನ್ನು ನೋಡುತ್ತಿದ್ದರು. ರಾಮಮ್ಮನವರ ಫೋನು ಸ್ವಲ್ಪ ಹಿಂದೆ. ತಾವು ಈಚೆಯ ಫೋನಿನಲ್ಲಿ "ನಿನ್ನನ್ನು ಎಂದಿಗೂ ಬಿಡುವುದಿಲ್ಲ ಚೋಯ್" ಎಂದು ಘರ್ಜಿಸಿದರೆ, ಆಚೆಯಿಂದ ಅದೇ ಘರ್ಜನೆ ಪ್ರತಿಧ್ವನಿಯಂತೆ ಬರುತ್ತಿತ್ತು. ಇಬ್ಬರೂ ತಮ್ಮನ್ನು ತಾವೇ ಕರಿ ಕೋಟಿನವನೆಂದೂ ಎದುರಿನವರನ್ನು ಚೋಯ್ ಎಂದೂ ತಿಳಿದಿದ್ದರು.

ತಮ್ಮ ಬೋಧನೆ ಫಲ ಕೊಟ್ಟಿತು. ಈ ವರ್ಷದ ಎರಡನೇ ನೀರಿಗೆ ನಮ್ಮ ಸರದಿ ಮುಗಿದು ರಾಮಮ್ಮನವರ ಸರದಿ ಬಂದಾಗ, ತಾಯಿಯವರು ಕೀಲಿಕೈಯನ್ನು ಸೆರಗಿಗೆ ಗಂಟು ಹಾಕಿಕೊಂಡು, ಥೇಟ್ ತಮ್ಮಂತೆಯೇ ಅರ್ಧ ಮುಖದಲ್ಲಿ ನಕ್ಕು, "ಕರಿ ಕೋಟಿನೋನು ಕೊನೇಲಿ ಏನ್ ಮಾಡ್ತಾನೋ ನಾನೂ ಅದ್ನೇ ಮಾಡದು ಕಣೋ" ಎಂದು ಪ್ರಕಟಿಸಿದರು. ಆಚೆ ತೋಟದಲ್ಲಿ ಹೂ ಬಾಡತೊಡಗಿತು. ಹೇಮಶ್ರೀ ಬರಿಗೈಯಲ್ಲಿ ಬೇಲಿಗೆ ಬಂದು "ಏನಂತೆ ನಿಮ್ಮವ್ವ?" ಎಂದು ಕೇಳಿದರೆ, "ಇನ್ನೂ ಒಂದು ಕಂತು ಐತೆ" ಎಂದು ಹೇಳುವ ಸ್ಥಿತಿ ನನ್ನದಾಯಿತು. ಒಂದು ತೋಟದ ಫಸಲು ಬಂದೂಕು ಹಿಡಿದ ತಮ್ಮ ತೋರುಬೆರಳಿನ ಮೇಲೆ ನಿಂತ ವಿಷಯ ತಮ್ಮ ನಿರ್ದೇಶಕರಿಗೆ ಯಾರೂ ತಿಳಿಸಿರಲಾರರು.

ಕೊನೆಯ ಕಂತು ಬಂತು. ಆಸ್ಪತ್ರೆಯ ತಾರಸಿ, ಮಂಡಿಯೂರಿದ ಚೋಯ್, ಅಳುತ್ತಿರುವ ಮಗಳು, ತಮ್ಮ ಕೈಯಲ್ಲಿ ಬಂದೂಕು. ತಾವು ಬಹಳ ಹೊತ್ತು ಆಕಾಶ ನೋಡಿದಿರಿ. ಆಮೇಲೆ ಬಂದೂಕನ್ನು ಕೆಳಗೆ ಹರಿಯುವ ನದಿಗೆ ಎಸೆದು, "ಕ್ಷಮಿಸಿದ್ದೇನೆ" ಎಂದು ಶುದ್ಧ ಕನ್ನಡದಲ್ಲಿ ಹೇಳಿ, ಹೊರಟೇಹೋದಿರಿ.

"ಥೂ ನಿನ್ ಮಕಕ್ಕೆ!" ಎಂದು ನಮ್ಮ ತಾಯಿ ಕುರ್ಚಿಯಿಂದ ಎದ್ದರು. "ಅಪ್ಪನ್ನ ಸುಟ್ಟೋನ್ನ ಹಂಗೇ ಬುಟ್ಬುಟ್ಟನಲ್ಲ!" ಸ್ವಲ್ಪ ಹೊತ್ತಿಗೆ ಆಚೆಯೂ ತಾವು ಕ್ಷಮಿಸಿದಿರಿ, ಆಚೆಯ ಕುರ್ಚಿಯೂ ಸದ್ದು ಮಾಡಿತು. "ಇವನ ಮನೆ ಹಾಳಾಗ, ಇವನ್ಗೋಸ್ಕರ ಒಲೆ ಮೇಲೆ ಎಸರಿಟ್ಟಿದ್ನೂ ಮರ್ತು ಕೂತಿದ್ನಲ್ಲೇ ಕಲ್ಯಾಣಿ!" ತಾಯಿಯವರು ವರ್ಷದ ವ್ರತ ಮರೆತು, "ನಾನಾಗಿದ್ರೆ ಬುಡ್ತಿರ್ಲಿಲ್ಲ ಕಣೆ" ಎಂದರು. "ನೀನ್ ಬುಡಲ್ಲ ಅಂತ ನಂಗೊತ್ತಿಲ್ವಾ, ವರ್ಷದಿಂದ ನೋಡ್ತಿಲ್ವಾ?" ಎಂದು ರಾಮಮ್ಮನವರು. ಆಮೇಲೆ ಮೊದಲು ನಕ್ಕವರು ಯಾರೆಂಬ ಬಗ್ಗೆ ಎರಡೂ ಮನೆಗಳಲ್ಲಿ ಇಂದಿಗೂ ಭಿನ್ನಾಭಿಪ್ರಾಯವಿದೆ. "ನೀರು ಬುಡೋಕ್ ಮುಂಚೆ ನಿಮ್ ಕಣದ ಕಡೆ ನೋಡ್ಬೇಕಿತ್ತು ಕಣೆ ನಾನು" ಎಂದು ರಾಮಮ್ಮನವರು ಕೊನೆಗೂ ಹೇಳಿದರು. ತಾಯಿಯವರು ಸೆರಗಿನ ಗಂಟು ಬಿಚ್ಚಿ, ಕೀಲಿಕೈಯನ್ನು ಬೇಲಿಯ ಮೇಲಿಂದ ಅವರ ಕೈಗೇ ಇಟ್ಟರು.

ಅವರ ಕೈಗೇ, ಮಾನ್ಯರೇ. ನನ್ನ ಮೂಲಕ ಅಲ್ಲ.

ಕಾಫಿಗೆ ನೀರು ಬಿತ್ತು, ಫಸಲು ಉಳಿಯಿತು, ಊರಿಗೆಲ್ಲ ಸಂತೋಷವಾಯಿತು. ನನಗೂ ಆಯಿತೆಂದು ಹೇಳುವುದು ಶಿಷ್ಟಾಚಾರ. ಆದರೆ ಸ್ನೇಹ ಎಂಬುದು ಹಗೆಗಿಂತ ಎಷ್ಟು ಚುರುಕಾಗಿ ಕೆಲಸ ಮಾಡುತ್ತದೆಂದು ನನಗೆ ತಿಳಿದಿರಲಿಲ್ಲ. ಒಂದು ವಾರದೊಳಗೆ ರಾಮಮ್ಮನವರು ಮಗಳ ಮದುವೆಯ ಚಿಂತೆಯನ್ನು ಗೆಳತಿಯೆದುರು ತೋಡಿಕೊಂಡರು. ಗೆಳತಿಯಾದ ನಮ್ಮ ತಾಯಿಯವರು, ಹೂ ಬಾಡಿಸಿದ ಋಣ ತೀರಿಸಲು, ಹೆತ್ತೂರಿನ ಯೋಗಾನಂದ ಎಂಬ ನಮ್ಮ ದೂರದ ಸಂಬಂಧಿಯನ್ನು ತಕ್ಷಣ ಹುಡುಕಿಕೊಟ್ಟರು. ಮಾತು ಕಡಿಮೆ, ತೋಟ ಜಾಸ್ತಿ, ಸ್ವಂತ ಜೀಪು. ಮಾತು ಕಡಿಮೆ ಎಂಬ ಗುಣ ವರನಲ್ಲಿ ಇದ್ದರೆ ಗಾಂಭೀರ್ಯ, ಮಗನಲ್ಲಿ ಇದ್ದರೆ ಚಿಂತೆಯ ವಿಷಯ ಎಂಬುದನ್ನೂ ಆಗಲೇ ಕಲಿತೆ. "ಏ ಸಿದ್ದು, ಹೇಮ ನಿಂಗೆ ತಂಗಿ ಇದ್ದಂಗೆ ಕಣೋ. ಭಾನುವಾರ ಅವರು ಹೆಣ್ಣು ನೋಡಕ್ ಬತ್ತಾರೆ, ಮೇನ್ ರೋಡಿಂದ ನೀನೇ ದಾರಿ ತೋರ್ಸ್ಕಂಡ್ ಕರ್ಕಂಬಾ" ಎಂದು ತಾಯಿಯವರು ನನ್ನನ್ನು ಹೊಸ ಹುದ್ದೆಗೆ ನೇಮಿಸಿದ್ದಾರೆ.

ಆದ್ದರಿಂದ ತಮ್ಮಲ್ಲಿ ನನ್ನ ಸವಿನಯ ಕೋರಿಕೆಗಳು. ತಾವು ಕೂಡಲೇ ಆ ನದಿಗೆ ಇಳಿದು ಬಂದೂಕನ್ನು ಹುಡುಕಿ, ಕೊನೆಯ ಕಂತನ್ನು ಮತ್ತೊಮ್ಮೆ ಚಿತ್ರೀಕರಿಸಿ, ಚೋಯ್ ಅವರನ್ನು ಎಂದೆಂದಿಗೂ ಕ್ಷಮಿಸುವುದಿಲ್ಲವೆಂದು ಎರಡೂ ಫೋನಿಗೆ ಕೇಳುವಂತೆ ಸಾರಬೇಕು. ಅದಾಗದಿದ್ದರೆ ಭಾನುವಾರ ತಾವೇ ದಯಮಾಡಿಸಿ ಜೀಪನ್ನು ತಿರುವಿನಲ್ಲಿ ತಡೆಯಬೇಕು. ಯೋಗಾನಂದರು ಒಳ್ಳೆಯವರು, ಅವರಿಗೆ ಹೊಡೆಯಬೇಕಾಗಿಲ್ಲ, ಕೋಟು ಹಾರಿಸಿಕೊಂಡು ನಿಂತರೆ ಸಾಕು. ಅದೂ ಕಷ್ಟವೆಂದಾದರೆ ತಮಗೆ ಕನ್ನಡದಲ್ಲಿ ದನಿ ಕೊಟ್ಟ ಆ ಮಹನೀಯರ ಕಂಠವನ್ನಾದರೂ ಸ್ವಲ್ಪ ಹೊತ್ತಿಗೆ ಕಳಿಸಿಕೊಡಬೇಕು. ಹೇಳಬೇಕಾದದ್ದು ಒಂದೇ ವಾಕ್ಯ, ಕೇಳಬೇಕಾದವರು ಒಬ್ಬರೇ.

ತಮ್ಮ ಕ್ಷಮಾಗುಣಕ್ಕೆ ಬಲಿಯಾದವನೂ, ಆದರೂ ತಮ್ಮ ವಿಶ್ವಾಸಿಯೂ ಆದ,
ಸಿದ್ದು
ಮಾಜಿ ಕೀಲಿಕೈ ರಾಯಭಾರಿ

ತಾಜಾ ಕಲಂ: ಅಂಚೆಗೆ ಹಾಕುವ ಮುನ್ನ ಕಾಗುಣಿತ ನೋಡಿಕೊಡಿ ಎಂದು ಈ ಪತ್ರವನ್ನು ಹೇಮಶ್ರೀಯವರ ಕೈಗೆ ಕೊಟ್ಟಿದ್ದೆ. ಕನ್ನಡ ಎಂ.ಎ. ಓದಿದವನು ವಿಜ್ಞಾನದ ಶಿಕ್ಷಕಿಯಿಂದ ಕಾಗುಣಿತ ತಿದ್ದಿಸುವುದು ವಿಚಿತ್ರವೆಂದು ತಮಗೆ ಅನಿಸಬಹುದು, ಅವರಿಗೆ ಅನಿಸಲಿಲ್ಲ. ನಿಂತಲ್ಲೇ ಪೂರ್ತಿ ಓದಿದರು, ಒಂದು ತಪ್ಪನ್ನೂ ತಿದ್ದಲಿಲ್ಲ. "ಇಷ್ಟೆಲ್ಲಾನೂ ಕೊರಿಯಾಕ್ ಯಾಕ್ ಬರ್ದೆ ಮಾರಾಯ? ನಮ್ಮವ್ವ ಇಲ್ಲೇ ಹಿತ್ಲಲ್ಲಿ ಅವ್ಳೆ, ಹೋಗ್ ಓದು" ಎಂದು ಕಾಗದವನ್ನು ನನ್ನ ಕೈಗೇ ವಾಪಸು ಕೊಟ್ಟರು. ಆದ್ದರಿಂದ ಮೇಲಿನ ಕೋರಿಕೆಗಳನ್ನೆಲ್ಲ ರದ್ದುಪಡಿಸಿದ್ದೇನೆ, ತಾವು ಬರಬೇಕಾಗಿಲ್ಲ. ಕೊನೆಯ ಕಂತು ನೋಡಿದಂದಿನಿಂದ ರಾಮಮ್ಮನವರು, ತಾವು ಸಿಕ್ಕರೆ ಇರಲೆಂದು, ಒಂದು ಪೊರಕೆ ಎತ್ತಿಟ್ಟಿದ್ದಾರೆ. ಅದರ ಮುಂದೆ ನಿಲ್ಲುವ ಎದೆಗಾರಿಕೆ ತಮ್ಮಂಥವರಿಗೂ ಇರಲಾರದು. ನಾನು ಕಾಗದ ಹಿಡಿದು ಆ ಹಿತ್ತಲಿಗೆ ಹೊರಟಿದ್ದೇನೆ.