ಒಬ್ಬ ಆಂಜನೇಯ, ಎರಡು ಟ್ರಸ್ಟು

ವಕೀಲರ ಗುಮಾಸ್ತನಾದವನು ನಗುವುದಕ್ಕೆಂದು ಬೇರೆ ಕಡೆ ಹೋಗಬೇಕಾಗಿಲ್ಲ, ಕಕ್ಷಿಗಾರರೇ ಮೊದಲ ಬಸ್ಸು ಹತ್ತಿ ಬಂದುಬಿಡುತ್ತಾರೆ. ಐವತ್ತರ ದಶಕದ ಕೊನೆಯಲ್ಲಿ ನಾನು ಚಿಕ್ಕಬಳ್ಳಾಪುರದ ಹಿರಿಯ ವಕೀಲರೊಬ್ಬರ ಬಳಿ ಗುಮಾಸ್ತನಾಗಿದ್ದೆ. ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟ ಎಲ್ಲ ಕಡೆಯಿಂದಲೂ ದೇವರ ವ್ಯಾಜ್ಯಗಳು ಬರುತ್ತಿದ್ದವು. ಈಗ ಕೂತು ನೆನೆದರೆ ಮೊದಲು ಕಣ್ಣ ಮುಂದೆ ಬರುವುದು ನಗರಗೆರೆ ಕಡೆಯ ಒಂದು ಹಳ್ಳಿಯ ಆಂಜನೇಯ, ಮತ್ತು ಆತನ ಮುದಿ ಅರ್ಚಕರು.

ಸಾಕ್ಷಿ

ಆ ಹಳ್ಳಿಯಲ್ಲಿ ಮೇಲಿನ ಬೀದಿ, ಕೆಳಗಿನ ಬೀದಿ, ನಡುವೆ ಗುಡಿ. ಗುಡಿಗೊಂದು ಟ್ರಸ್ಟ್ ಇರಬೇಕೆಂದು ಮೇಲಿನ ಬೀದಿಯ ಯಜಮಾನರು ಗೌರಿಬಿದನೂರಿಗೆ ಹೋಗಿ ರಿಜಿಸ್ಟರ್ ಮಾಡಿಸಿದರು. ಅದೇ ವಾರ ಕೆಳಗಿನ ಬೀದಿಯ ಯಜಮಾನರೂ ಹೋಗಿ ಅದೇ ಗುಡಿಗೆ ಇನ್ನೊಂದು ಟ್ರಸ್ಟ್ ಮಾಡಿಸಿದರು. ಇದು ಹೇಗೆ ಸಾಧ್ಯ ಎಂದು ಇಬ್ಬರೂ ಏರಿಹೋದಾಗ ಸಬ್ ರಿಜಿಸ್ಟ್ರಾರರು, ತಾವು ಪತ್ರ ದಾಖಲು ಮಾಡುವವರೇ ಹೊರತು ದೇವರು ಯಾರವನೆಂದು ತೀರ್ಮಾನಿಸುವವರಲ್ಲ ಎಂದು ಕೈತೊಳೆದುಕೊಂಡರು.

ಕೆಳಗಿನ ಬೀದಿಯವರು ನಮ್ಮ ಕಕ್ಷಿ. ವಕೀಲರು ಎರಡೂ ಪತ್ರಗಳ ನಕಲು ತರಿಸಿ ನೋಡಿದರೆ ಎರಡಕ್ಕೂ ಸಾಕ್ಷಿ ಹಾಕಿದವರು ಅರ್ಚಕರೇ! ಕರೆಸಿ ಕೇಳಿದ್ದಾಯಿತು. ಯಾರು ಗೆದ್ದರೂ, ಎದುರು ಪಕ್ಷಕ್ಕೆ ಸಹಿ ಹಾಕಿದವನೆಂದು ತಮ್ಮನ್ನು ಗುಡಿಯಿಂದ ಹೊರಗೆ ಹಾಕುತ್ತಾರೆ ಎಂದು ಅವರು ಕಣ್ಣೊರೆಸಿಕೊಂಡರು. ಮೂರು ತಲೆಮಾರಿನ ಪೂಜೆ ಅದು. ಮತ್ತೆ ಎರಡೆರಡು ಸಲ ಯಾಕೆ ಹೋದಿರಿ ಎಂದರು ವಕೀಲರು.

"ಏನ್ಮಾಡ್ಲಿ ಸ್ವಾಮಿ, ಇಬ್ರೂ ಬಸ್ಸಲ್ಲಿ ಕಿಟಕಿ ಪಕ್ಕಾನೇ ಕೂರಿಸಿದ್ರು."

ಸಮನ್ಸು

ಕಾನೂನಿನ ಕಣ್ಣಿಗೆ ದೇವರೂ ಒಬ್ಬ ವ್ಯಕ್ತಿ. ಹಾಗಾಗಿ ಮೇಲಿನ ಬೀದಿಯವರು ಆಂಜನೇಯನನ್ನೂ ಪ್ರತಿವಾದಿ ಮಾಡಿ ದಾವೆ ಹೂಡಿದರು. ಸಮನ್ಸು ಹಿಡಿದು ಹೊರಟವನು ಕೆಲಸಕ್ಕೆ ಹೊಸಬನಾದ ಕೋರ್ಟಿನ ಅಮೀನ. ಮೈಲಿಗೆಯಲ್ಲಿ ಒಳಗೆ ಬಿಡುವುದಿಲ್ಲ ಎಂದರು ಅರ್ಚಕರು. ಪಾಪ, ಅವನು ಬಾವಿಯ ಹತ್ತಿರ ಎರಡು ಬಿಂದಿಗೆ ನೀರು ಸುರಿದುಕೊಂಡು, ಒದ್ದೆ ಪಂಚೆಯಲ್ಲೇ ಹೊಸ್ತಿಲಾಚೆ ನಿಂತು ಸಮನ್ಸನ್ನು ಪೂರ್ತಿ ಓದಿದ. ಆಮೇಲೆ ಕೋರ್ಟಿಗೆ ಹೀಗೆ ಬರೆದುಕೊಟ್ಟ:

"ಪ್ರತಿವಾದಿಯವರು ಸ್ಥಳದಲ್ಲೇ ಇದ್ದರು. ಓದಿ ಹೇಳಲಾಗಿ ಏನೂ ಮಾತನಾಡಲಿಲ್ಲ. ಸಹಿ ಮಾಡಲಿಲ್ಲ. ಪಾದದ ಬಳಿ ಇಡಿಸಿ, ತೀರ್ಥ ತೆಗೆದುಕೊಂಡು ಬಂದಿರುತ್ತೇನೆ."

ಯಥಾಸ್ಥಿತಿ

ದಾವೆ ಮುಗಿಯುವವರೆಗೆ ಗುಡಿಯಲ್ಲಿ ಎಲ್ಲವೂ ಇದ್ದ ಹಾಗೇ ಇರತಕ್ಕದ್ದು ಎಂದು ಕೋರ್ಟು ಆರ್ಡರು ಮಾಡಿತು. ಮರುದಿನ ಬೆಳಿಗ್ಗೆ ನಾನು ಆಫೀಸಿನ ಬಾಗಿಲು ತೆಗೆಯುವಾಗಲೇ ಅರ್ಚಕರು ಜಗುಲಿಯ ಮೇಲೆ ಕೂತಿದ್ದರು. ನಿನ್ನೆಯ ಹಾರ ತೆಗೆಯಬಹುದೇ, ಉರಿಯುತ್ತಿರುವ ದೀಪಕ್ಕೆ ಎಣ್ಣೆ ಹಾಕಬಹುದೇ ಎಂದು ಒಂದೇ ಸಮನೆ ಕೇಳಿದರು. ಪೂಜೆಗೆ ಏನೂ ಅಡ್ಡಿಯಿಲ್ಲ ಎಂದು ವಕೀಲರು ಸಮಾಧಾನ ಹೇಳಿದರು. ಹೊರಟವರು ಬಾಗಿಲವರೆಗೆ ಹೋಗಿ ತಿರುಗಿ ನಿಂತರು.

"ಆರ್ಡರು ಬಂದಾಗ ಒಳಗೊಂದು ಬೆಕ್ಕಿತ್ತು ಸ್ವಾಮಿ. ಕೂಡಿಹಾಕಿ ಬಂದಿದೀನಿ. ಬಿಡಬೋದಾ?"

ಹೂವಿನ ತೀರ್ಪು

ನಾಲ್ಕು ವರ್ಷ ಕೋರ್ಟಿಗೆ ಅಲೆದು ಇಬ್ಬರು ಯಜಮಾನರಿಗೂ ಸಾಕಾಗಿತ್ತು. ರಾಜಿ ಬೇಕು, ಆದರೆ ಮೊದಲು ಬಾಯಿಬಿಟ್ಟವನ ಮಾನ ಹೋಗುತ್ತದಲ್ಲ! ಕೊನೆಗೆ ದೇವರನ್ನೇ ಕೇಳೋಣ ಎಂದಾಯಿತು. ಆಂಜನೇಯನ ಎರಡೂ ಭುಜಕ್ಕೆ ಒಂದೊಂದು ಹೂ ಅಂಟಿಸುವುದು, ಬಲಗಡೆಯದು ಬಿದ್ದರೆ ಗುಡಿ ಮೇಲಿನ ಬೀದಿಗೆ, ಎಡಗಡೆಯದು ಬಿದ್ದರೆ ಕೆಳಗಿನ ಬೀದಿಗೆ. ನೋಡಿಕೊಂಡು ಬಾ ಎಂದು ವಕೀಲರು ನನ್ನನ್ನು ಕಳಿಸಿದರು.

ಬೆಳಿಗ್ಗೆ ಅಂಟಿಸಿದ ಹೂ ಮಧ್ಯಾಹ್ನವಾದರೂ ಅಲ್ಲಾಡಲಿಲ್ಲ. ಹೂ ಬೀಳದೆ ಮಂಗಳಾರತಿ ಇಲ್ಲ, ಮಂಗಳಾರತಿ ಆಗದೆ ಯಾರೂ ಊಟ ಮಾಡುವಂತಿಲ್ಲ. ಗುಡಿಯ ಹಿಂದಿನಿಂದ ಪುಳಿಯೋಗರೆಯ ವಾಸನೆ ಬರುತ್ತಿತ್ತು. ಕೊನೆಗೆ ಮೇಲಿನ ಬೀದಿಯ ಯಜಮಾನರೇ, ಎರಡೂ ಬೀದಿ ಸೇರಿ ಒಂದೇ ಟ್ರಸ್ಟ್ ಮಾಡಿಕೊಂಡರೆ ಹೇಗೆ ಎಂದು ಗೊಣಗಿದರು.

"ಸರೇ ಕಾನೀ," ಆಗಲಿ ಬಿಡಿ ಎಂದು ತೆಲುಗಿನಲ್ಲೇ ಒಪ್ಪಿದರು ಕೆಳಗಿನವರು, ಹೊಟ್ಟೆ ಹಿಡಿದುಕೊಂಡು.

ಅರ್ಚಕರು ಇವರೇ ಎಂದೂ ಪತ್ರದಲ್ಲಿ ಬರೆಸಿ ಎಂದೆ ನಾನು. ಬರ್ಕೋ ಬರ್ಕೋ ಎಂದರು ಇಬ್ಬರೂ. ಇನ್ನು ಹೂವಿಗೆ ಕಾಯುವುದೇನೆಂದು ಅರ್ಚಕರು ಆರತಿ ಎತ್ತಿದರು. ದೇವರ ಹತ್ತಿರ ಹಿಡಿದು ಬೆಳಗಿದರು, ಎರಡು ಹೂವೂ ಒಟ್ಟಿಗೆ ಬಿದ್ದವು. ಜನರ ಗೋವಿಂದ ಕೇಳಿ ನನಗೂ ಕಣ್ಣು ತುಂಬಿ ಬಂತು.

ಬಸ್ಸು ಹತ್ತಿಸಲು ಬಂದ ಅರ್ಚಕರನ್ನು, ಇಂಥ ಪವಾಡ ಹೇಗಾಯಿತು ಎಂದು ಕೇಳಿದೆ. ಅವರು ಅತ್ತಿತ್ತ ನೋಡಿದರು.

"ದಿನಾ ನೀರಲ್ಲಿ ಅಂಟಿಸ್ತೀನಿ ಕಣಪ್ಪ. ಇವತ್ತು ಬೆಣ್ಣೇಲಿ ಅಂಟಿಸಿದ್ದೆ. ಆರತಿ ಕಾವು ತಗಲೋ ತನಕ ಬೀಳಲ್ಲ."

ಯಜಮಾನರು ಸಂಜೆವರೆಗೂ ಒಪ್ಪದಿದ್ದರೆ ನಿಮ್ಮ ಗತಿಯೇನು, ಈ ವಯಸ್ಸಿನಲ್ಲಿ ಉಪವಾಸ ಎಂದೆ.

"ನಂದೇನಪ್ಪ," ಎಂದರು, "ಬೆಳಿಗ್ಗೇನೇ ಎರಡು ತಟ್ಟೆ ಉಪ್ಪಿಟ್ಟು ತಿಂದಿದ್ದೆ. ಆಂಜನೇಯಂಗೆ ಹೇಳೇ ತಿಂದೆ."